ಕುದುರೆ ಇಲ್ಲದೆ ದುರ್ಗದ ಮುತ್ತಿಗೆಯ ಚಿತ್ರ ತೆಗೆದದ್ದು

ಚಿತ್ರದುರ್ಗದ ಇತಿಹಾಸದ ಮೇಲೆ ಚಿತ್ರ ಮಾಡ್ತೀವಿ ಅಂದ ಕೂಡಲೇ ಎಲ್ಲರೂ ಕೇಳಿದ್ದು ಒಂದೇ: ಕುದುರೆ ಎಷ್ಟು ತರಿಸ್ತೀರಿ? ಒಂದೂ ತರಿಸಲಿಲ್ಲ. ದುಡ್ಡಿನ ಮಾತು ಇದ್ದೇ ಇತ್ತು, ಆದರೆ ಕಾರಣ ಅದಷ್ಟೇ ಅಲ್ಲ. ಹೈದರಾಲಿ ಈ ಕೋಟೆಗೆ ಮತ್ತೆ ಮತ್ತೆ ಮುತ್ತಿಗೆ ಹಾಕಿದ, ಕೊನೆಗೆ ಕೈವಶವಾದದ್ದು 1779ರಲ್ಲಿ. ಬಾಗಿಲು ಹಾಕಿಕೊಂಡು ಒಳಗಿದ್ದ ಜನ ಏನು ಕುಡಿದರು, ಸಿಡಿಮದ್ದು ಎಲ್ಲಿ ಅರೆದರು? ನಲವತ್ತು ನಿಮಿಷದ ಚಿತ್ರಕ್ಕೆ ಈ ಪ್ರಶ್ನೆಯೇ ಸಾಕು ಅನ್ನಿಸಿತು.

ಉತ್ತರ ಬೆಟ್ಟದ ಮೇಲೇ ಇದೆ. ಗೋಪಾಲಸ್ವಾಮಿ ಹೊಂಡ ತುಂಬಿ ಕೋಡಿ ಬಿದ್ದರೆ ನೀರು ಅಕ್ಕ-ತಂಗಿ ಹೊಂಡಕ್ಕೆ, ಅಲ್ಲಿಂದ ಕೆಳಗಿನ ಹೊಂಡಗಳಿಗೆ. ಮದ್ದು ಬೀಸುವ ಭಾರಿ ಕಲ್ಲುಗಳು ಇನ್ನೂ ಗುಂಡಿಯಲ್ಲೇ ಇವೆ. ಲಕ್ಷ ಲಕ್ಷ ಸುರಿದು ಸೆಟ್ ಹಾಕಿಸಿದರೂ ಇಂಥದ್ದು ಬರುವುದಿಲ್ಲ.

ಗಂಡ ಕಹಳೆ ಮುದ್ದಹನುಮ ಊಟಕ್ಕೆ ಕೂತಾಗ ಓಬವ್ವ ನೀರಿಗೆ ಹೋದಳು ಅಂತಲೇ ನಮ್ಮೂರಲ್ಲಿ ಹೇಳೋದು. ಹಾಗಾಗಿ ಒನಕೆಯ ಹೊಡೆತಕ್ಕಿಂತ ಮುಂಚೆ, ತಣ್ಣೀರು ದೋಣಿ ಎಂಬ ನೀರಿನ ಸೆಲೆಗೆ ಬಿಂದಿಗೆ ಅದ್ದುವುದನ್ನು ನಿಧಾನವಾಗಿ ತೆಗೆದೆವು. ಹೈದರನ ಸಿಪಾಯಿಗಳು ನುಸುಳಿದ ಕಿಂಡಿ ಬಲು ಇಕ್ಕಟ್ಟು, ಒಬ್ಬೊಬ್ಬರೇ ಮೈ ಮುದುಡಿಕೊಂಡು ನುಸುಳಬೇಕು. ಕ್ಯಾಮೆರಾವನ್ನು ಒಳಮಗ್ಗುಲಲ್ಲಿ ನೆಲಕ್ಕೆ ತಾಗಿಸಿ ಇಟ್ಟೆವು. ಓಬವ್ವನ ಪಾತ್ರಕ್ಕೆ ಬಂದವರು ಪಕ್ಕದ ಹಳ್ಳಿಯವರು, ನವಣೆ ಕುಟ್ಟಿ ಪಳಗಿದ ಕೈ. "ಹಿಂಗ್ ಹಿಡದ್ರೆ ಕೈ ಬೊಬ್ಬೆ ಏಳ್ತಾವೆ ಕಣಪ್ಪ" ಅಂತ ನಮ್ಮ ಸಹಾಯಕ ನಿರ್ದೇಶಕನ ಕೈಯಿಂದ ಒನಕೆ ಕಿತ್ತುಕೊಂಡು ಆಯಮ್ಮನೇ ತೋರಿಸಿಕೊಟ್ಟರು: ಎತ್ತುವಾಗ ಬಿಗಿ, ಬಿಡುವಾಗ ಸಡಿಲ. ಯಾವ ಫೈಟ್ ಮಾಸ್ಟರೂ ಹೇಳಿಕೊಡಲಾರದ ವರಸೆ ಅದು.

ಕೋಟೆ ಕೇಂದ್ರ ಪುರಾತತ್ವ ಇಲಾಖೆಯ ರಕ್ಷಣೆಯಲ್ಲಿದೆ. ಅನುಮತಿಗೆ ಬಹಳ ಮೊದಲೇ ಅರ್ಜಿ ಹಾಕಬೇಕು. ಪಂಜಿನ ದೃಶ್ಯಗಳನ್ನು ಹೊರಗಿನ ಬಂಡೆಗಳ ನಡುವೆ ಮುಗಿಸಿದೆವು. ಅದಕ್ಕಿಂತ ದೊಡ್ಡ ತಲೆನೋವು ಗಾಳಿಯಂತ್ರಗಳು. ಸುತ್ತಲ ಗುಡ್ಡಗಳ ಮೇಲೆ ಸಾಲಾಗಿ ನಿಂತಿವೆ, ಫ್ರೇಮಿನಲ್ಲಿ ಸ್ವಲ್ಪ ಆಕಾಶ ಸಿಕ್ಕರೂ ರೆಕ್ಕೆ ತಿರುಗುತ್ತಿರುತ್ತದೆ. ಬುರುಜಿನ ಶಾಟುಗಳನ್ನೆಲ್ಲ ಮೇಲಿಂದ ಕೆಳಕ್ಕೆ, ಕಲ್ಲೇ ಹಿನ್ನೆಲೆಯಾಗುವಂತೆ ಇಟ್ಟೆವು.

ದಾವಣಗೆರೆಯ ನಾಟಕದ ಡ್ರೆಸ್ ಅಂಗಡಿಯಲ್ಲಿ ಮಖಮಲ್ಲು, ಜರಿ ಬೇಕಾದಷ್ಟಿತ್ತು. ರಂಗದ ಮೇಲೆ ಅದು ಚೆಂದ, ಕ್ಲೋಸಪ್ಪಿನಲ್ಲಿ ಕಣ್ಣಿಗೆ ಹೊಡೆಯುತ್ತದೆ. ಕಾವಲಿನವರಿಗೆ ಚಳ್ಳಕೆರೆ ಕಡೆಯ ಕರಿಕಂಬಳಿ ಹೊದಿಸಿದೆವು.

ಹೈದರನ ಸಿಪಾಯಿಗಳನ್ನು ರಾಕ್ಷಸರ ಹಾಗೆ ತೋರಿಸಲು ನನಗೆ ಮನಸ್ಸಿರಲಿಲ್ಲ, ಅವರಲ್ಲೂ ಈ ನಾಡಿನವರಿದ್ದರು. ಹಾಗಂತ ಸೋಲಿನ ನೋವನ್ನು ತೇಲಿಸಿಬಿಡಲೂ ಇಲ್ಲ. ಮದಕರಿ ನಾಯಕನನ್ನು ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಒಯ್ದರು, ಸಾವಿರಾರು ಬೇಡರನ್ನೂ ಊರು ಬಿಡಿಸಿ ಸಾಗಿಸಿದರು. ಆ ದೃಶ್ಯಕ್ಕೆ ಸುತ್ತಲ ಹಟ್ಟಿಗಳಿಂದ ಜನ ಮಕ್ಕಳು-ಮರಿ ಕಟ್ಟಿಕೊಂಡು ಬಂದರು. ‘ಅಲ್ಲಿ ಒಂದು ಹಾಡು ಹಾಕಿ’, ‘ದೃಶ್ಯ ಉದ್ದವಾಯಿತು, ಕತ್ತರಿಸಿ’ ಅಂತ ಹಣ ಹಾಕಿದವರು ಹೇಳಿದರು. ನಾನು ಒಪ್ಪಲಿಲ್ಲ. ನಾಯಕನ ಹೆಸರು ಎಲ್ಲರಿಗೂ ಗೊತ್ತು, ಅವನ ಹಿಂದೆ ನಡೆದುಹೋದವರಿಗೆ ಈ ಚಿತ್ರದಲ್ಲಿ ಎರಡು ನಿಮಿಷವಾದರೂ ಸಿಗಲೇಬೇಕು.