ಪಿ0113 ಕೋಡ್: ಸೆನ್ಸರ್ ಕೊಳ್ಳುವ ಮುಂಚೆ ತಂತಿ ನೋಡಿ

ಇಂಜಿನ್ ಒಳಗೆಳೆದುಕೊಳ್ಳುವ ಗಾಳಿಯ ಉಷ್ಣತೆ ಅಳೆಯುವ ಸೆನ್ಸರ್‌ನ ಸರ್ಕ್ಯೂಟ್‌ನಲ್ಲಿ ವೋಲ್ಟೇಜ್ ಏರಿದರೆ ಕಾರಿನ ಕಂಪ್ಯೂಟರ್‌ನಲ್ಲಿ ಪಿ0113 ಎಂಬ ದೋಷದ ಕೋಡ್ ಬರುತ್ತದೆ. ಸಾಮಾನ್ಯವಾಗಿ ಎಲ್ಲೋ ತಂತಿ ಕಡಿದಿರುತ್ತದೆ, ಇಲ್ಲವೇ ಕನೆಕ್ಟರ್ ಬಿಟ್ಟುಕೊಂಡಿರುತ್ತದೆ. ಏರ್ ಫಿಲ್ಟರ್ ಬದಲಿಸಿದ ಮೇಲೆ ಚೆಕ್ ಇಂಜಿನ್ ದೀಪ ಹತ್ತಿತೇ? ಪ್ಲಗ್ ಸಿಕ್ಕಿಸಲು ಮರೆತಿರಬಹುದು, ಮೊದಲು ಅದನ್ನೇ ನೋಡಿ.

ಸ್ಕ್ಯಾನರ್‌ನ (ಕೋಡ್ ಓದುವ ಉಪಕರಣ) ಲೈವ್ ಡೇಟಾದಲ್ಲಿ ಗಾಳಿಯ ಉಷ್ಣತೆ ಮೈನಸ್ 40 ಡಿಗ್ರಿ ಎಂದಿದ್ದರೆ (ಬಳ್ಳಾರಿಯ ಬಿಸಿಲಲ್ಲೂ ಹಾಗೇ ತೋರಿಸುತ್ತದೆ!) ಸರ್ಕ್ಯೂಟ್ ತುಂಡಾಗಿದೆ ಎಂದೇ ಲೆಕ್ಕ.

ಇಗ್ನಿಷನ್ ಆಫ್ ಮಾಡಿ ಕನೆಕ್ಟರ್ ಕಳಚಿ. ಪಿನ್ನಿಗೆ ಹಸಿರು ಕಿಲುಬು ಹಿಡಿದಿದ್ದರೆ ಕಾಂಟ್ಯಾಕ್ಟ್ ಕ್ಲೀನರ್ ಹೊಡೆಯಿರಿ. ತಂತಿಯನ್ನು ಬೆರಳಲ್ಲಿ ಸವರುತ್ತಾ ಹೋಗಿ. ಇಲಿ ಕಡಿದ ಜಾಗ ಕಣ್ಣಿಗಿಂತ ಕೈಗೇ ಬೇಗ ಸಿಗುತ್ತದೆ.

ಈಗ ಇಗ್ನಿಷನ್ ಆನ್ ಮಾಡಿ ತಂತಿ ಕಡೆಯ ಕನೆಕ್ಟರ್‌ನ ಎರಡು ಪಿನ್‌ಗಳ ನಡುವೆ ಮಲ್ಟಿಮೀಟರ್ ಹಿಡಿಯಿರಿ. ಸುಮಾರು 5 ವೋಲ್ಟ್ ಬಂದರೆ ತಂತಿ ಸರಿಯಿದೆ. ಬರದಿದ್ದರೆ ಸಿಗ್ನಲ್ ಪಿನ್‌ನಿಂದ (ಕಂಪ್ಯೂಟರ್‌ನಿಂದ 5 ವೋಲ್ಟ್ ಬರುವ ಪಿನ್) ಬ್ಯಾಟರಿ ನೆಗೆಟಿವ್‌ಗೆ ಅಳೆಯಿರಿ: ಅಲ್ಲಿ 5 ಬಂದರೆ ಗ್ರೌಂಡ್ ತಂತಿ ಹೋಗಿದೆ.

ಸೆನ್ಸರ್ ಪರೀಕ್ಷೆ ಸುಲಭ. 25 ಡಿಗ್ರಿಯಲ್ಲಿ ಬಹುತೇಕ ಸೆನ್ಸರ್‌ಗಳು 2ರಿಂದ 3 ಕಿಲೋಓಮ್ ತೋರಿಸುತ್ತವೆ. ಹೇರ್ ಡ್ರೈಯರ್ ಗಾಳಿ ಬಿಟ್ಟರೆ ಅದು ನಿಧಾನವಾಗಿ ಇಳಿಯಬೇಕು. ಮೀಟರ್ 'ಓಎಲ್' (ಒಳಗೆ ಸಂಪರ್ಕ ಕಡಿದಿದೆ ಎಂಬ ಸೂಚನೆ) ಎಂದರೆ ಸೆನ್ಸರ್ ಬದಲಿಸಿ. ಕೆಲವು ಕಾರುಗಳಲ್ಲಿ ಇದು ಏರ್‌ಫ್ಲೋ (ಗಾಳಿಯ ಪ್ರಮಾಣ ಅಳೆಯುವ) ಅಥವಾ ಮ್ಯಾಪ್ (ಗಾಳಿಯ ಒತ್ತಡ ಅಳೆಯುವ) ಸೆನ್ಸರ್‌ನೊಳಗೇ ಇರುತ್ತದೆ. ಅಲ್ಲಿ ನಾಲ್ಕೈದು ಪಿನ್ ಇರುವುದರಿಂದ ವೈರಿಂಗ್ ನಕ್ಷೆ ಇಲ್ಲದೆ ಮೀಟರ್ ಚುಚ್ಚಬೇಡಿ.

ಕೋಡ್ ಅಳಿಸಿ, ತಣ್ಣಗಿನ ಇಂಜಿನ್ ಸ್ಟಾರ್ಟ್ ಮಾಡುವ ಮುನ್ನ ರೀಡಿಂಗ್ ನೋಡಿ: ಹೊರಗಿನ ಉಷ್ಣತೆಗೆ ಹತ್ತಿರವಿರಬೇಕು.