ಕಿತ್ತಳೆ ಮೊಸರಿನ ತಂಪು ಸಿಹಿ: ನೀರು ಬಿಡದಂತೆ ಮಾಡುವುದು ಹೇಗೆ?

ಒಲೆ ಹಚ್ಚುವ ಕೆಲಸವಿಲ್ಲ. ಮೊಸರು, ಹಣ್ಣು, ಸಕ್ಕರೆ, ಅಷ್ಟೇ. ಆದರೂ ಈ ಸಿಹಿ ಕೆಡುವುದಿದ್ದರೆ ಅದು ನೀರಿನಿಂದಲೇ. ಮೊಸರಲ್ಲೂ ನೀರು, ಹಣ್ಣಲ್ಲೂ ನೀರು, ಎರಡನ್ನೂ ಹಾಗೇ ಕಲಸಿಟ್ಟರೆ ಸ್ವಲ್ಪ ಹೊತ್ತಿಗೆ ಬಟ್ಟಲ ತಳದಲ್ಲಿ ತಿಳಿನೀರು ನಿಂತಿರುತ್ತದೆ.

ಹಾಗಾಗಿ ಮೊದಲ ಕೆಲಸ ಮೊಸರು ಸೋಸುವುದು. ನಾಲ್ಕು ಜನಕ್ಕೆ ಕೆನೆ ತೆಗೆಯದ ಹಾಲಿನ ಮೊಸರು 800 ಗ್ರಾಂ ಸಾಕು. ಜರಡಿಗೆ ತೆಳು ಹತ್ತಿಬಟ್ಟೆ ಹಾಸಿ, ಮೊಸರು ಸುರಿದು, ಕೆಳಗೊಂದು ಪಾತ್ರೆ ಇಟ್ಟು ಫ್ರಿಜ್ಜಿನಲ್ಲಿ 3–4 ಗಂಟೆ ಬಿಡಿ. ಹೊರಗಿಟ್ಟರೆ ಹುಳಿ ಏರುತ್ತದೆ. ಅವಸರ ಅಂತ ಬಟ್ಟೆ ಹಿಂಡಬೇಡಿ, ಮೊಸರೂ ತೂರಿಕೊಂಡು ಬಂದುಬಿಡುತ್ತದೆ. ತೂಕ ಹೆಚ್ಚುಕಡಿಮೆ ಅರ್ಧಕ್ಕೆ ಇಳಿದರೆ ಸರಿಯಾಗಿದೆ ಅಂತಲೇ ಅರ್ಥ. ಇಳಿದ ನೀರನ್ನು ಚೆಲ್ಲುವುದೇಕೆ, ಹಿಟ್ಟು ಕಲಸಲು ಚೆನ್ನಾಗಿರುತ್ತದೆ.

ಈಗ ಹಣ್ಣು. ಮೂರು ಕಿತ್ತಳೆ ತೆಗೆದುಕೊಂಡು ಬೆಚ್ಚನೆಯ ನೀರಲ್ಲಿ ಉಜ್ಜಿ ತೊಳೆಯಿರಿ, ಮೇಲೆ ಮೇಣ ಸವರಿರಬಹುದು. ಕತ್ತರಿಸುವ ಮೊದಲೇ ಒಂದು ಹಣ್ಣಿನ ಸಿಪ್ಪೆಯನ್ನು ಸಣ್ಣ ಕಣ್ಣಿನ ತುರಿಮಣೆಯಲ್ಲಿ ತುರಿದುಕೊಳ್ಳಿ. ಬಣ್ಣದ ಪದರ ಮಾತ್ರ. ಕೆಳಗಿನ ಬಿಳಿ ಕಂಡ ಕೂಡಲೇ ಹಣ್ಣು ತಿರುಗಿಸಿ, ಅದು ಕಹಿ. ಕಿತ್ತಳೆಯ ಘಮ ಜಾಸ್ತಿ ಇರುವುದು ಸಿಪ್ಪೆಯ ಎಣ್ಣೆಯಲ್ಲಿ, ಹಾಗಾಗಿ ಒಂದು ತೊಟ್ಟೂ ರಸ ಹಾಕದೆ ಮೊಸರಿಗೆ ಕಿತ್ತಳೆ ರುಚಿ ಕೊಡಬಹುದು. ಈ ತುರಿಗೆ 4 ದೊಡ್ಡ ಚಮಚ ಸಕ್ಕರೆ ಹಾಕಿ ಬೆರಳ ತುದಿಯಲ್ಲಿ ಒಂದು ನಿಮಿಷ ತಿಕ್ಕಿ. ಹರಳು ಉಜ್ಜಿದಂತೆ ಎಣ್ಣೆ ಬಿಡುತ್ತದೆ, ಸಕ್ಕರೆ ಒದ್ದೆ ಮರಳಿನ ಹಾಗಾಗಿ ನಸುಹಳದಿಗೆ ತಿರುಗುತ್ತದೆ, ಅಡುಗೆಮನೆ ತುಂಬ ಘಮಘಮ. ಇದನ್ನೂ ಒಂದು ಚಿಟಿಕೆ ಉಪ್ಪನ್ನೂ ಸೋಸಿದ ಮೊಸರಿಗೆ ಸೇರಿಸಿ ಚಮಚದಲ್ಲಿ ನಿಧಾನಕ್ಕೆ ಕಲಸಿ. ಮಿಕ್ಸಿ ಬೇಡ, ತೆಳ್ಳಗಾಗುತ್ತದೆ.

ಹುಳಿ ಹಣ್ಣು ಬಿದ್ದರೆ ಮೊಸರು ಒಡೆಯಲ್ವಾ ಅಂತ ಕೇಳುವವರಿದ್ದಾರೆ. ಒಡೆಯುವುದು ಹಾಲು. ಮೊಸರು ಆಗಲೇ ಹುಳಿಯಿಂದ ಹೆಪ್ಪಾಗಿ ನಿಂತಿರುತ್ತದೆ, ಇನ್ನು ಒಡೆಯುವುದೇನಿದೆ? ತೆಳ್ಳಗಾಗಬಹುದು, ಅಷ್ಟೇ.

ಇನ್ನು ತೊಳೆ ಬಿಡಿಸುವ ಕೆಲಸ. ಕೈಯಲ್ಲಿ ಸುಲಿಯುವ ಬದಲು ಹಣ್ಣಿನ ಮೇಲೆ ಕೆಳಗೆ ಕತ್ತರಿಸಿ ನಿಲ್ಲಿಸಿಕೊಂಡು, ಚೂಪು ಚಾಕುವಿನಿಂದ ಸಿಪ್ಪೆಯನ್ನು ಬಿಳಿ ಭಾಗದ ಸಮೇತ ಹೆರೆದು ತೆಗೆಯಿರಿ. ಆಮೇಲೆ ಪ್ರತಿ ತೊಳೆಯ ಎರಡೂ ಬದಿ ಪೊರೆಗೆ ಅಂಟಿಕೊಂಡಂತೆ ಚಾಕು ಇಳಿಸಿದರೆ ತಿರುಳು ಇಡಿಯಾಗಿ ಜಾರಿ ಬರುತ್ತದೆ. ಬೀಜ ತೆಗೆದು ಜರಡಿಯಲ್ಲಿ ಹತ್ತು ನಿಮಿಷ ಬಿಡಿ. ಉಳಿದ ಪೊರೆ ಹಿಂಡಿದರೆ ಸಿಗುವ ರಸವನ್ನು ಮೊಸರಿಗೆ ಹಾಕುವ ಆಸೆ ಬೇಡ, ಕುಡಿದುಬಿಡಿ. ಅದೂ ಆಗಲೇ, ಕೆಲವು ಜಾತಿಯ ಕಿತ್ತಳೆ ರಸ ಇಟ್ಟಷ್ಟೂ ಕಹಿಯಾಗುತ್ತದೆ.

ಬಟ್ಟಲಿಗೆ ಮೊಸರು ಹಾಕಿ, ತಿನ್ನುವ ಹೊತ್ತಿಗಷ್ಟೇ ಮೇಲೆ ಹಣ್ಣು ಜೋಡಿಸಿ. ಹಣ್ಣಿಗೆ ಸಕ್ಕರೆ ಉದುರಿಸಿಟ್ಟರೆ ರಸ ಬಿಡುತ್ತದೆ, ಸಿಹಿ ಸಾಲದಿದ್ದರೆ ಕೊನೆಯಲ್ಲಿ ಜೇನುತುಪ್ಪ ಸುರಿದುಕೊಳ್ಳಿ. ಮೂಸಂಬಿ, ಚಕ್ಕೋತದಲ್ಲೂ ಮಾಡಬಹುದು. ಚಕ್ಕೋತದ ಕಹಿ ಜಾಸ್ತಿ ಅನ್ನಿಸಿದರೆ ಅದಕ್ಕೂ ಚಿಟಿಕೆ ಉಪ್ಪು ಹಾಕಿ, ಉಪ್ಪು ಕಹಿಯನ್ನು ತಗ್ಗಿಸುತ್ತದೆ. ಮಿಕ್ಕಿದ್ದನ್ನು ಮೊಸರು ಬೇರೆ, ಹಣ್ಣು ಬೇರೆ ಮುಚ್ಚಿ ಫ್ರಿಜ್ಜಿನಲ್ಲಿಟ್ಟರೆ ಮರುದಿನಕ್ಕೂ ಚೆನ್ನಾಗಿರುತ್ತದೆ.