ಕಬ್ಬಿನ ಗದ್ದೆಯಲ್ಲಿ ಕೇಳಿದ ಕಡಲು

ಮಂಡ್ಯದ ಹಳ್ಳಿಯಲ್ಲಿ ಬೆಳೆದ ನನಗೆ ನೀರೆಂದರೆ ವಿಶ್ವೇಶ್ವರಯ್ಯ ನಾಲೆಯಲ್ಲಿ ಹರಿದುಬರುವ ಕಾವೇರಿಯೇ ಆಗಿತ್ತು. ಆದರೂ ನಿರೂಪಣೆಯೇ ಇಲ್ಲದೆ, ಅಲೆಗಳನ್ನಷ್ಟೇ ನಂಬಿ ನಿಲ್ಲುವ ಒಂಬತ್ತು ನಿಮಿಷದ ಸಾಕ್ಷ್ಯಚಿತ್ರವೊಂದನ್ನು ಮಾಡಬೇಕೆಂಬ ಆಸೆ ನನ್ನನ್ನು ಸೋಮೇಶ್ವರದ ಕಡಲತೀರಕ್ಕೆ ಕರೆದೊಯ್ದಿತು.

ಜೂನ್ ತಿಂಗಳನ್ನು ಆರಿಸಿಕೊಂಡದ್ದಕ್ಕೆ ಕಾರಣವಿತ್ತು. ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ದೋಣಿಗಳ ಮೀನುಗಾರಿಕೆಗೆ ನಿಷೇಧವಿರುವುದರಿಂದ ಎಂಜಿನ್ನಿನ ಸದ್ದು ಅಡ್ಡಬರುವುದಿಲ್ಲ. ಒಂದೇ ಬಂಡೆಯನ್ನು ಐದು ದಿನ, ನೀರು ಅದೇ ಮಟ್ಟದಲ್ಲಿರುವಾಗ ಚಿತ್ರಿಸುವುದು ನನ್ನ ಯೋಜನೆಯಾಗಿತ್ತು. ಎರಡನೆಯ ದಿನ ಗಡಿಯಾರ ನೋಡಿಕೊಂಡು ಅದೇ ಹೊತ್ತಿಗೆ ಹೋದಾಗ ಬಂಡೆಯ ಬುಡ ಇನ್ನೂ ಬರಿದಾಗಿತ್ತು. ಭೂಮಿ ಒಂದು ಸುತ್ತು ತಿರುಗುವಷ್ಟರಲ್ಲಿ ಚಂದ್ರ ತನ್ನ ದಾರಿಯಲ್ಲಿ ಮುಂದೆ ಸಾಗಿರುವುದರಿಂದ ಉಬ್ಬರ ದಿನದಿನಕ್ಕೂ ಸುಮಾರು 50 ನಿಮಿಷ ತಡವಾಗುತ್ತದೆ. ಅಂದಿನಿಂದ ಉಬ್ಬರವಿಳಿತದ ಕೋಷ್ಟಕವೇ ನಮ್ಮ ವೇಳಾಪಟ್ಟಿಯಾಯಿತು.

ಕ್ಯಾಮೆರಾದಲ್ಲಿ ಸೆಕೆಂಡಿಗೆ 25 ಫ್ರೇಮು, ಒಂದೊಂದಕ್ಕೂ ಶಟರ್ ತೆರೆದಿರುವುದು 1/50 ಸೆಕೆಂಡು. ಅಲೆಯ ಮೈ ಕಡಿದಂತೆ ಕಾಣದೆ ಹರಿದಂತೆ ಕಾಣಲು ಇದು ಸಾಕು. ಕಷ್ಟಕೊಟ್ಟದ್ದು ಉಪ್ಪು. ಹದಿನೈದು ನಿಮಿಷಕ್ಕೆಲ್ಲ ಲೆನ್ಸಿನ ಮೇಲೆ ತೆಳುವಾದ ಬಿಳಿಯ ಪೊರೆ ಕಟ್ಟುತ್ತಿತ್ತು. ಅದನ್ನು ಒಣಬಟ್ಟೆಯಲ್ಲಿ ಉಜ್ಜಿದರೆ ಹರಳುಗಳು ಗಾಜನ್ನೇ ಗೀರುತ್ತವೆ. ಮೊದಲು ಬ್ಲೋಅರಿನಿಂದ ಗಾಳಿ ಊದಿ, ಆಮೇಲೆ ಡಿಸ್ಟಿಲ್ಡ್ ವಾಟರಿನಲ್ಲಿ ತುಸು ಒದ್ದೆ ಮಾಡಿದ ಬಟ್ಟೆಯನ್ನು ಒತ್ತಿ ತೆಗೆಯುತ್ತಿದ್ದೆ.

ನಿಜವಾಗಿ ಕೈಕೊಟ್ಟದ್ದು ಧ್ವನಿ. ಮೈಕಿಗೆ ಹಾಕಿದ್ದ ತುಪ್ಪಳದ ಹೊದಿಕೆ ಮಳೆಯಲ್ಲಿ ನೆನೆದು, ಮೂರು ದಿನಗಳ ಧ್ವನಿಮುದ್ರಣದಲ್ಲಿ ಗಾಳಿಯ ಗುದ್ದಾಟವಷ್ಟೇ ಉಳಿದಿತ್ತು. ಊರಿಗೆ ಮರಳಿ ಸಂಕಲನಕ್ಕೆ ಕುಳಿತಾಗ, ಕಡಲನ್ನೇ ಕಾಣದ ನನ್ನ ತಾಯಿ ಬಾಗಿಲಲ್ಲಿ ನಿಂತು ಆಲಿಸಿ, "ಕಬ್ಬಿನ ಗದ್ದೇಲಿ ಗಾಳಿ ಬೀಸ್ದಂಗದೆ ಕಣಪ್ಪ" ಎಂದರು. ಆ ರಾತ್ರಿಯೇ ರೆಕಾರ್ಡರ್ ಹಿಡಿದು ಗದ್ದೆಯ ಬದುವಿನ ಮೇಲೆ ಕುಳಿತೆ. ಒಣಗಿದ ಗರಿಗಳ ಸದ್ದು ದೂರದಿಂದ ಏರಿ, ಮೈಮೇಲೆ ಹಾದು, ಹಿಂದೆ ಸರಿಯುತ್ತಿತ್ತು. ಅಲೆಯ ಸದ್ದಿನಲ್ಲಿ ಇಲ್ಲದ ಹಾಗೆಯೇ ಅದರಲ್ಲಿಯೂ ಒಂದು ನಿರ್ದಿಷ್ಟ ಶ್ರುತಿಯಿರಲಿಲ್ಲ, ಎಲ್ಲ ಸ್ವರಗಳೂ ಒಟ್ಟಿಗೆ ಬೆರೆತಿದ್ದವು.

ಅದನ್ನು ಅಲೆಗಳ ಚಿತ್ರದ ಕೆಳಗೆ ಅಡಗಿಸಿಟ್ಟಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ಆದರೆ ಸಾಕ್ಷ್ಯಚಿತ್ರವೆಂದು ನಂಬಿ ಕುಳಿತವರಿಗೆ ಹಾಗೆ ಮಾಡಲು ನನ್ನ ಮನಸ್ಸು ಒಪ್ಪಲಿಲ್ಲ. ಚಿತ್ರದ ಆರಂಭದಲ್ಲಿ ಕತ್ತಲೆಯ ಪರದೆಯ ಮೇಲೆ ನಲವತ್ತು ಸೆಕೆಂಡು ಆ ಸದ್ದನ್ನು ಕೇಳಿಸಿ, ಬಳಿಕ ಮುಸ್ಸಂಜೆಯ ಕಬ್ಬಿನ ಗದ್ದೆಯನ್ನೇ ತೋರಿಸಿದೆ. ಅಲ್ಲಿಂದ ಮುಂದಕ್ಕೆ, ಕೆಡದೆ ಉಳಿದಿದ್ದ ಎರಡು ದಿನಗಳ ಅಲೆಯ ಸದ್ದೇ ಕೊನೆಯವರೆಗೂ ಸಾಕಾಯಿತು.